ಲಂಡನ್ ಬೀದಿಯಲ್ಲಿ ಹೆಣ್ಣಿಗೊಂದು ಶೌಚಾಲಯ

ಬೆಂಗಳೂರಿನ ಲಾಲ್‌ಬಾಗ್‌ನ ಗಾಜಿನ ಮನೆಗೆ ಸ್ಫೂರ್ತಿಯಾದದ್ದು ಲಂಡನ್ನಿನ ಕ್ರಿಸ್ಟಲ್ ಪ್ಯಾಲೆಸ್. ಹೈಡ್ ಪಾರ್ಕಿನಲ್ಲಿ ಕಬ್ಬಿಣ ಮತ್ತು ಗಾಜಿನಿಂದ ಕಟ್ಟಿದ ಆ ಭಾರಿ ಮಂಟಪದಲ್ಲಿ 1851ರ ಮೇ ತಿಂಗಳಿಂದ ಅಕ್ಟೋಬರ್‌ವರೆಗೆ ಮಹಾ ಪ್ರದರ್ಶನವೊಂದು ನಡೆಯಿತು. ಸುಮಾರು 60 ಲಕ್ಷ ಜನ ಬಂದು ನೋಡಿದರು. ಕೊಹಿನೂರ್ ವಜ್ರದ ಮುಂದೆ ಜನ ಮುಗಿಬಿದ್ದರು. ಉಗಿಯಂತ್ರಗಳ ಬಗ್ಗೆ ಪತ್ರಿಕೆಗಳು ಪುಟಗಟ್ಟಲೆ ಬರೆದವು. ದೂರದ ಊರುಗಳಿಂದ ರೈಲು ಹತ್ತಿ ಬಂದ ಹೆಂಗಸರಿಗೆ ಆ ಪ್ರದರ್ಶನದಲ್ಲಿ ಇನ್ನೊಂದು ಹೊಸ ವಸ್ತುವೂ ಸಿಕ್ಕಿತು. ಮನೆಯ ಹೊರಗೆ, ಸಾರ್ವಜನಿಕ ಸ್ಥಳದಲ್ಲಿ, ಅವರಿಗೆಂದೇ ಮಾಡಿದ ಶೌಚಾಲಯ ಅದು.

ಅದನ್ನು ಅಳವಡಿಸಿದವರು ಜಾರ್ಜ್ ಜೆನಿಂಗ್ಸ್ ಎಂಬ ನೈರ್ಮಲ್ಯ ಇಂಜಿನಿಯರ್. ಒಂದು ಪೆನ್ನಿ ಕೊಟ್ಟರೆ ಶುಚಿಯಾದ ಆಸನ, ನೀರು ಸುರಿದು ತೊಳೆಯುವ ವ್ಯವಸ್ಥೆ, ಕೈ ಒರೆಸಲು ಟವೆಲು, ತಲೆಗೊಂದು ಬಾಚಣಿಗೆ. ಪ್ರದರ್ಶನ ಮುಗಿದು ಲೆಕ್ಕ ಹಾಕಿದಾಗ 8,27,280 ಸಲ ಆ ಪೆನ್ನಿ ಸಂದಾಯವಾಗಿತ್ತು. ಸಂಘಟಕರು ತಮ್ಮ ಅಧಿಕೃತ ವರದಿಯಲ್ಲಿ ಈ ಅಂಕಿಯನ್ನು ಮುಚ್ಚಿಡಲಿಲ್ಲ. ಇಂಥ ಸೌಲಭ್ಯವಿಲ್ಲದೆ ಜನ, ಅದರಲ್ಲೂ ಹೆಂಗಸರು, ಎಷ್ಟು ಸಂಕಟ ಪಡುತ್ತಿದ್ದಾರೆ ಎಂಬುದಕ್ಕೆ ಇದೇ ಸಾಕ್ಷಿ ಎಂಬರ್ಥದ ಮಾತನ್ನು ಅವರು ದಾಖಲಿಸಿದರು. ಸರ್ಕಾರಿ ಕಾಗದದ ಮೇಲೆ ಆ ಕಾಲದಲ್ಲಿ ಅಷ್ಟು ಬರೆದದ್ದೇ ದೊಡ್ಡದು.

ಅಲ್ಲಿಂದಾಚೆಗೆ ಲಂಡನ್ ನಗರವು ಬೀದಿ ಬೀದಿಯಲ್ಲಿ ಹೆಂಗಸರಿಗೆ ಶೌಚಾಲಯ ಕಟ್ಟಿಸಬೇಕಿತ್ತು. ಬೇಡಿಕೆಯಿದೆ ಎಂಬುದು ಲಕ್ಷಗಳ ಲೆಕ್ಕದಲ್ಲಿ ರುಜುವಾತಾಗಿತ್ತು, ತಂತ್ರಜ್ಞಾನ ಕೈಯಲ್ಲಿತ್ತು, ಜಗತ್ತಿನ ಅತಿ ಶ್ರೀಮಂತ ನಗರಕ್ಕೆ ಹಣದ ಬರವೂ ಇರಲಿಲ್ಲ. ಆದರೂ ಹೆಂಗಸರು ಅರ್ಧ ಶತಮಾನ ಕಾಯಬೇಕಾಯಿತು. ಏಕೆ ಕಾಯಬೇಕಾಯಿತು ಎಂಬ ಈ ಕಥೆ ಕೊಳಾಯಿ, ಚರಂಡಿಗಳಿಗಿಂತ ಹೆಚ್ಚಾಗಿ ಅಧಿಕಾರಕ್ಕೆ ಸಂಬಂಧಿಸಿದ್ದು. ತೀರ್ಮಾನ ಮಾಡುವ ಮೇಜಿನ ಸುತ್ತ ಯಾರು ಕುಳಿತಿದ್ದರು ಎಂಬುದೇ ಇಲ್ಲಿ ಮುಖ್ಯ.

ಮೊದಲ ಪ್ರಯತ್ನವೇನೋ ಬೇಗನೆ ನಡೆಯಿತು. 1852ರ ಫೆಬ್ರವರಿಯಲ್ಲಿ ಫ್ಲೀಟ್ ಸ್ಟ್ರೀಟಿನಲ್ಲಿ ಗಂಡಸರಿಗೆ ಒಂದು, ಕೆಲವೇ ದಿನಗಳ ಅಂತರದಲ್ಲಿ ಸ್ಟ್ರ್ಯಾಂಡ್ ಸಮೀಪದ ಬೆಡ್‌ಫರ್ಡ್ ಸ್ಟ್ರೀಟಿನಲ್ಲಿ ಹೆಂಗಸರಿಗೆ ಒಂದು ಶೌಚಾಲಯ ತೆರೆಯಿತು. ಮಹಾ ಪ್ರದರ್ಶನದ ರೂವಾರಿಗಳಲ್ಲೊಬ್ಬರಾದ ಹೆನ್ರಿ ಕೋಲ್ ಇದಕ್ಕೂ ಬೆನ್ನೆಲುಬಾಗಿದ್ದರು. ಪತ್ರಿಕೆಯಲ್ಲಿ ಜಾಹೀರಾತು ಕೊಟ್ಟರು, ಕರಪತ್ರ ಹಂಚಿದರು. ಜನ ಬರಲಿಲ್ಲ. ಕೆಲವೇ ತಿಂಗಳಲ್ಲಿ ಎರಡಕ್ಕೂ ಬೀಗ ಬಿತ್ತು. ಕ್ರಿಸ್ಟಲ್ ಪ್ಯಾಲೆಸ್ಸಿನ ಜನಜಂಗುಳಿಯಲ್ಲಿ ಯಾರ ಕಣ್ಣಿಗೂ ಬೀಳದೆ ಒಳಹೋಗಬಹುದಿತ್ತು. ನಡುಬೀದಿಯ ಬಾಗಿಲನ್ನು ಹಗಲು ಹೊತ್ತಿನಲ್ಲಿ, ಅಂಗಡಿಯವರ ಕಣ್ಣೆದುರಿಗೇ ತಳ್ಳಿಕೊಂಡು ಹೋಗುವ ಧೈರ್ಯ ಎಷ್ಟು ಹೆಂಗಸರಿಗೆ ಬಂದೀತು? ನಾಚಿಕೆ ಕಳೆಯುವಷ್ಟು ಕಾಲ ಆ ಬಾಗಿಲು ತೆರೆದಿರಲೇ ಇಲ್ಲ.

ಗಂಡಸರ ವಿಷಯದಲ್ಲಿ ನಗರ ಇಷ್ಟು ಬೇಗ ಕೈಚೆಲ್ಲಲಿಲ್ಲ. 1855ರ ಮಹಾನಗರ ಸ್ಥಳೀಯ ಆಡಳಿತ ಕಾಯ್ದೆ ಲಂಡನ್ನಿನ ಸ್ಥಳೀಯ ಆಡಳಿತಗಳಿಗೆ ಸಾರ್ವಜನಿಕ ಶೌಚಾಲಯ ಕಟ್ಟಿಸುವ ಅಧಿಕಾರ ಕೊಟ್ಟಿತ್ತು. ಹೆಂಡದಂಗಡಿಗಳ ಪಕ್ಕ, ಕೂಡುರಸ್ತೆಗಳಲ್ಲಿ, ಗೋಡೆಗಳ ಮಗ್ಗುಲಲ್ಲಿ ಮೂತ್ರಾಲಯಗಳು ಎದ್ದವು. ಬೀದಿಯೆಲ್ಲ ಗಬ್ಬುನಾತ ಎಂಬ ದೂರು ಬಂದಾಗಲೆಲ್ಲ ಗಂಡಸರಿಗೆ ಇನ್ನೊಂದು ಮೂತ್ರಾಲಯ ಮಂಜೂರಾಗುತ್ತಿತ್ತು. ಹೆಂಗಸರು ಗೋಡೆಗೆ ಮುಖಮಾಡಿ ನಿಲ್ಲುತ್ತಿರಲಿಲ್ಲ. ಆದ್ದರಿಂದ ಅವರಿಗೊಂದು ಅಗತ್ಯವಿದೆ ಎಂಬುದೂ ಆಡಳಿತದ ಕಣ್ಣಿಗೆ ಬೀಳಲಿಲ್ಲ.

ಹಾಗಾದರೆ ಹೆಂಗಸರು ಏನು ಮಾಡುತ್ತಿದ್ದರು? ಕುದುರೆ ಸಾರೋಟಿದ್ದ ಶ್ರೀಮಂತೆಯರ ಬಳಿ ದೋಣಿಯಾಕಾರದ ಪಿಂಗಾಣಿ ಪಾತ್ರೆಗಳಿದ್ದವು; ಅಗಲವಾದ ಲಂಗದ ಮರೆಯಲ್ಲಿ ಅವನ್ನು ಬಳಸಬಹುದಿತ್ತು. ಆ ಕಾಲದ ಒಳಚಲ್ಲಣಗಳನ್ನೂ ನಡುವೆ ಸೀಳಿಟ್ಟೇ ಹೊಲಿಯುತ್ತಿದ್ದರು. ಬಡ ಹೆಂಗಸರು ಓಣಿಯ ಕತ್ತಲನ್ನು ನಂಬುತ್ತಿದ್ದರು. ಎರಡೂ ಸಾಧ್ಯವಿಲ್ಲದ ಮಧ್ಯಮ ವರ್ಗದವರು ಮನೆಯಿಂದ ಹೊರಡುವ ಮುನ್ನ ನೀರು ಕುಡಿಯುವುದನ್ನೇ ಬಿಡುತ್ತಿದ್ದರು, ಇಲ್ಲವೇ ಹೊರಗೆ ಹೋಗುವುದನ್ನೇ. ಮನೆಯಿಂದ ಹೊರಟ ಹೆಣ್ಣಿನ ಸೊಂಟಕ್ಕೆ ಕಾಣದ ಹಗ್ಗವೊಂದನ್ನು ಕಟ್ಟಿದಂತಿತ್ತು ಅಂದಿನ ನಗರ. ಎರಡು ಮೂರು ಗಂಟೆಯೊಳಗೆ ಮುಗಿಯುವ ಕೆಲಸ, ನಡೆದು ಹಿಂದಿರುಗಬಹುದಾದ ದೂರ, ಇಷ್ಟೇ ಅವಳ ಲಂಡನ್. ಇತಿಹಾಸಕಾರರು ಈ ಕಾಲದ ಬಗ್ಗೆ ಬರೆಯುವಾಗ ಇದೇ ಹಗ್ಗದ ಉಪಮೆಯನ್ನು ಬಳಸುತ್ತಾರೆ.

ಇದು ಬರೀ ಅನಾನುಕೂಲದ ಮಾತಲ್ಲ. ಹೆಣ್ಣಿನ ಮೂತ್ರನಾಳದ ಉದ್ದ ಸುಮಾರು 4 ಸೆಂಟಿಮೀಟರ್ ಮಾತ್ರ. ಗಂಡಸಿನದು ಅದರ ನಾಲ್ಕೈದು ಪಟ್ಟು. ಸೋಂಕು ಮೂತ್ರಕೋಶ ತಲುಪಲು ಹೆಣ್ಣಿನ ದೇಹದಲ್ಲಿ ದಾರಿ ಚಿಕ್ಕದು. ನೀರು ಕುಡಿಯದೆ, ಬಂದದ್ದನ್ನು ಗಂಟೆಗಟ್ಟಲೆ ತಡೆದಿಟ್ಟುಕೊಂಡರೆ ಉರಿಮೂತ್ರ, ಜ್ವರ, ಸೋಂಕು ಮೇಲೇರಿದರೆ ಮೂತ್ರಪಿಂಡದ ಕಾಯಿಲೆ. ಗರ್ಭಿಣಿಗೆ ಈ ಅಪಾಯ ಇನ್ನೂ ಹೆಚ್ಚು. ಮುಟ್ಟಿನ ದಿನಗಳಲ್ಲಿ ಬಟ್ಟೆ ಬದಲಿಸಲು ಮರೆ ಬೇಕು, ನೀರು ಬೇಕು. ಇವೆಲ್ಲ ಅಂದಿನ ವೈದ್ಯರಿಗೆ ತಿಳಿಯದ ವಿಷಯಗಳೇನಲ್ಲ. ಆದರೆ ರೋಗಿಯೂ ವೈದ್ಯರೂ ಬಾಯಿಬಿಟ್ಟು ಆಡಲಾರದ ವಿಷಯಗಳಾಗಿದ್ದವು.

ಬೀದಿಯಲ್ಲಿ ಹೆಚ್ಚು ಹೊತ್ತು ಕಾಣಿಸಿಕೊಂಡ ಹೆಣ್ಣನ್ನು ನಗರ ಯಾವ ಕಣ್ಣಿನಿಂದ ನೋಡುತ್ತಿತ್ತು ಎಂಬುದನ್ನೂ ಇಲ್ಲಿ ಹೇಳಬೇಕು. 1864ರಿಂದ ಬ್ರಿಟನ್ನಿನಲ್ಲಿ ಜಾರಿಯಾದ ಸಾಂಕ್ರಾಮಿಕ ರೋಗ ಕಾಯ್ದೆಗಳ ಪ್ರಕಾರ, ಸೈನಿಕ ನೆಲೆಗಳಿದ್ದ ಊರುಗಳಲ್ಲಿ ವೇಶ್ಯೆಯೆಂಬ ಬರೀ ಸಂಶಯದ ಮೇಲೆ ಪೊಲೀಸರು ಹೆಣ್ಣೊಬ್ಬಳನ್ನು ಹಿಡಿದು ಬಲವಂತದ ವೈದ್ಯಕೀಯ ತಪಾಸಣೆಗೆ ಒಳಪಡಿಸಬಹುದಿತ್ತು. 1868ರಲ್ಲಿ ಇದೇ ಮಾದರಿಯ ಕಾಯ್ದೆ ಭಾರತಕ್ಕೂ ಬಂತು. ಜೋಸೆಫೀನ್ ಬಟ್ಲರ್ ಅವರ ನೇತೃತ್ವದ ದೀರ್ಘ ಹೋರಾಟದ ನಂತರ 1886ರಲ್ಲಿ ಬ್ರಿಟನ್ ಅವನ್ನು ರದ್ದುಮಾಡಿತು. ಬೀದಿಯಲ್ಲಿ ನಿಂತವಳೆಂದರೆ ಕೆಟ್ಟವಳು ಎಂಬ ಭಾವನೆ ಕಾನೂನಿನೊಳಗೇ ಕೂತಿದ್ದ ಕಾಲದಲ್ಲಿ, ಬೀದಿಯಲ್ಲಿ ಹೆಣ್ಣಿಗೊಂದು ಶೌಚಾಲಯ ಬೇಕೆಂದು ಕೇಳುವುದು ಸುಲಭವಿರಲಿಲ್ಲ. ಗೌರವಸ್ಥ ಹೆಣ್ಣು ಮನೆಯಲ್ಲಿರುತ್ತಾಳೆ, ಅವಳಿಗೆ ಅದು ಬೇಡ. ಬೀದಿಯಲ್ಲಿರುವವಳು ಗೌರವಸ್ಥಳಲ್ಲ, ಅವಳಿಗೆ ಅದನ್ನು ಕೊಡಬಾರದು. ಈ ಕತ್ತರಿಯಲ್ಲಿ ಸಿಕ್ಕಿ ಲಕ್ಷಾಂತರ ಹೆಂಗಸರು ನರಳಿದರು.

1858ರ ಬೇಸಿಗೆಯಲ್ಲಿ ಥೇಮ್ಸ್ ನದಿಯ ದುರ್ನಾತ ಪಾರ್ಲಿಮೆಂಟ್ ಭವನದ ಒಳಗೂ ನುಗ್ಗಿತು. ಕಿಟಕಿಗಳಿಗೆ ಬ್ಲೀಚಿಂಗ್ ಪುಡಿಯ ದ್ರಾವಣದಲ್ಲಿ ಅದ್ದಿದ ಪರದೆ ಕಟ್ಟಿಕೊಂಡು ಕುಳಿತ ಸದಸ್ಯರು ಕೆಲವೇ ವಾರಗಳಲ್ಲಿ ಕಾಯ್ದೆ ಪಾಸುಮಾಡಿದರು. ಜೋಸೆಫ್ ಬೆಜಲ್‌ಗೆಟ್ ಅವರ ಯೋಜನೆಯಂತೆ ಲಂಡನ್ನಿನ ನೆಲದಡಿ ಬೃಹತ್ ಒಳಚರಂಡಿ ಜಾಲ ಹರಡಿತು. ತೊಂದರೆ ತಮ್ಮ ಮೂಗಿಗೇ ತಟ್ಟಿದಾಗ ಆಡಳಿತಗಾರರು ಎಷ್ಟು ಚುರುಕಾಗುತ್ತಾರೆ ಎಂಬುದಕ್ಕೆ ಇದಕ್ಕಿಂತ ಒಳ್ಳೆಯ ಉದಾಹರಣೆ ಸಿಗದು. ಅದೇ ವರ್ಷ ಜೆನಿಂಗ್ಸ್ ನೆಲದಡಿಯ ಸಾರ್ವಜನಿಕ ಶೌಚಾಲಯಗಳ ಪ್ರಸ್ತಾಪ ಮುಂದಿಟ್ಟರು. ನಗರದ ಹಿರಿಯರು ಒಪ್ಪಲಿಲ್ಲ. ಜೆನಿಂಗ್ಸ್ 1882ರಲ್ಲಿ ತೀರಿಕೊಂಡರು. 1885ರಲ್ಲಿ ರಾಯಲ್ ಎಕ್ಸ್‌ಚೇಂಜ್ ಮುಂದೆ ನೆಲದಡಿಯ ಶೌಚಾಲಯ ಕೊನೆಗೂ ತೆರೆಯಿತು. ಅದು ಗಂಡಸರಿಗೆ ಮಾತ್ರ.

ಹೆಂಗಸರ ಪರವಾಗಿ ಮೊದಲು ಬಾಯಿಬಿಟ್ಟದ್ದು 1857ರಲ್ಲಿ ಹುಟ್ಟಿದ ಮಹಿಳಾ ನೈರ್ಮಲ್ಯ ಸಂಘ. ಬಡವರ ಕೇರಿಗಳಲ್ಲಿ ಮಕ್ಕಳ ಆರೈಕೆ, ಗಾಳಿ, ನೀರು, ಶುಚಿತ್ವದ ಬಗ್ಗೆ ಚಿಕ್ಕ ಚಿಕ್ಕ ಹೊತ್ತಗೆಗಳನ್ನು ಹಂಚುತ್ತಿದ್ದ ಈ ಸಂಘದವರು ಸಾರ್ವಜನಿಕ ಶೌಚಾಲಯದ ಪ್ರಶ್ನೆಯನ್ನೂ ಕೈಗೆತ್ತಿಕೊಂಡರು. ಮನವಿಗಳು ಹೋದವು, ಸಭೆಗಳು ನಡೆದವು. 1879ರಲ್ಲಿ ಪ್ಯಾಡಿಂಗ್ಟನ್ ಪ್ರದೇಶದ ಆರೋಗ್ಯಾಧಿಕಾರಿ ಡಾ. ಜೇಮ್ಸ್ ಸ್ಟೀವನ್ಸನ್ ಮಹಾನಗರದಲ್ಲಿ ಹೆಂಗಸರಿಗೆ ಶೌಚಾಲಯ ಏಕೆ ಅಗತ್ಯ ಎಂಬುದರ ಮೇಲೆ ಒಂದು ವರದಿಯನ್ನೇ ಬರೆದರು. ಸರ್ಕಾರಿ ವೈದ್ಯರೊಬ್ಬರು ಈ ವಿಷಯವನ್ನು ತಲೆಬರಹದಲ್ಲೇ ಹೆಸರಿಸಿದ್ದು ಅಂದಿನ ಮಟ್ಟಿಗೆ ದಿಟ್ಟತನದ ಕೆಲಸ. ಆದರೂ ಸ್ಥಳೀಯ ಆಡಳಿತಗಳು ಕಿವಿಗೊಡಲಿಲ್ಲ.

ಮಾರುಕಟ್ಟೆ ಬೇಗ ಕಿವಿಗೊಟ್ಟಿತು. ಸರಕು ಕೊಳ್ಳಲು ಬಂದ ಹೆಣ್ಣು ಎರಡು ಗಂಟೆಯಲ್ಲಿ ಮನೆಗೆ ಓಡಿದರೆ ನಷ್ಟ ತಮಗೇ ಎಂಬುದು ವೆಸ್ಟ್ ಎಂಡ್ ವ್ಯಾಪಾರಿಗಳಿಗೆ ಅರ್ಥವಾಯಿತು. 1884ರಲ್ಲಿ ಆಕ್ಸ್‌ಫರ್ಡ್ ಸರ್ಕಸ್ ಬಳಿ ಖಾಸಗಿ ಕಂಪನಿಯೊಂದು ಹೆಂಗಸರಿಗಾಗಿ ಹಣಪಾವತಿಯ ಶೌಚಾಲಯ ತೆರೆಯಿತು. ಟೀ ಅಂಗಡಿಗಳು ಹೆಚ್ಚಿದವು; 1894ರಲ್ಲಿ ಪಿಕಡಿಲಿಯಲ್ಲಿ ಲಯನ್ಸ್ ಕಂಪನಿಯ ಮೊದಲ ಟೀ ಅಂಗಡಿ ಬಂತು. ಹೆಣ್ಣೊಬ್ಬಳು ಗಂಡಸಿನ ಜೊತೆಯಿಲ್ಲದೆ ಒಳಹೋಗಿ ಕುಳಿತು, ಒಂದು ಬಟ್ಟಲು ಟೀ ಕುಡಿದು, ಕೈತೊಳೆಯುವ ನೆಪದಲ್ಲಿ ಒಳಕೋಣೆಗೆ ಹೋಗಿಬರಬಹುದಾಯಿತು. ದೊಡ್ಡ ಬಟ್ಟೆ ಅಂಗಡಿಗಳಲ್ಲಿ ವಿಶ್ರಾಂತಿ ಕೋಣೆಗಳು ಬಂದವು. 1909ರಲ್ಲಿ ಸೆಲ್ಫ್‌ರಿಜಸ್ ಅಂಗಡಿ ತೆರೆಯುವ ಹೊತ್ತಿಗೆ ಇದು ಗಿರಾಕಿಗಳನ್ನು ಸೆಳೆಯುವ ದಾರಿಯೇ ಆಗಿತ್ತು. ಲಂಡನ್ನಿನ ಮಧ್ಯಮ ವರ್ಗದ ಹೆಂಗಸರಿಗೆ ಇದರಿಂದ ದೊಡ್ಡ ಬಿಡುಗಡೆ ಸಿಕ್ಕಿತೆಂಬುದು ನಿಜ. ಕೈಯಲ್ಲಿ ಕಾಸಿದ್ದವರಿಗೆ ಮಾತ್ರ ಸಿಕ್ಕಿತೆಂಬುದೂ ಅಷ್ಟೇ ನಿಜ.

ಕಾಸಿಲ್ಲದವರ ಲೆಕ್ಕ ಬೇರೆ. 1888ರಲ್ಲಿ ಆನಿ ಬೆಸೆಂಟ್ ಅವರು ಲಂಡನ್ನಿನ ಬ್ರಯಾಂಟ್ ಅಂಡ್ ಮೇ ಬೆಂಕಿಪೆಟ್ಟಿಗೆ ಕಾರ್ಖಾನೆಯ ಹುಡುಗಿಯರ ಸ್ಥಿತಿಯನ್ನು ಬಯಲಿಗೆಳೆದರು. ಹೌದು, ಮುಂದೆ ಮದರಾಸಿನ ಅಡ್ಯಾರಿನಲ್ಲಿ ನೆಲೆಸಿ ಹೋಂ ರೂಲ್ ಚಳವಳಿ ಕಟ್ಟಿದ ಅದೇ ಬೆಸೆಂಟ್. ಅಲ್ಲಿನ ಹುಡುಗಿಯೊಬ್ಬಳಿಗೆ ವಾರಕ್ಕೆ ಸಿಗುತ್ತಿದ್ದದ್ದು 4 ಶಿಲಿಂಗ್, ಅಂದರೆ 48 ಪೆನ್ನಿ. ಆರು ದಿನದ ದುಡಿಮೆಗೆ ಹಂಚಿದರೆ ದಿನಕ್ಕೆ 8 ಪೆನ್ನಿ. ಶೌಚಾಲಯದ ಬಾಗಿಲಿಗೆ ಒಂದು ಪೆನ್ನಿ ಹಾಕಿದರೆ ದಿನಗೂಲಿಯ ಎಂಟರಲ್ಲೊಂದು ಪಾಲು ಹೋಯಿತು; ಎರಡು ಸಲ ಹೋದರೆ ಕಾಲು ಭಾಗ. ಅವಳ ಪಕ್ಕದಲ್ಲೇ ನಡೆಯುತ್ತಿದ್ದ ಗಂಡಸು ಬೀದಿ ಮೂತ್ರಾಲಯಕ್ಕೆ ಚಿಕ್ಕಾಸನ್ನೂ ಕೊಡಬೇಕಿರಲಿಲ್ಲ. ಗಂಡಸರ ಮೂತ್ರಾಲಯ ಬಿಟ್ಟಿ, ಬಾಗಿಲಿರುವ ಕೋಣೆಗೆ ಮಾತ್ರ ಕಾಸು ಎಂಬ ನಿಯಮ ಮೇಲ್ನೋಟಕ್ಕೆ ಎಲ್ಲರಿಗೂ ಒಂದೇ. ಬಾಗಿಲಿರುವ ಕೋಣೆ ಬಿಟ್ಟು ಬೇರೆ ದಾರಿಯಿಲ್ಲದ ಹೆಣ್ಣಿಗೆ ಮಾತ್ರ ಅದು ದಿನನಿತ್ಯದ ತೆರಿಗೆ.

ಕಾರ್ಖಾನೆಗಳ ಒಳಗೂ ಇದೇ ಗೋಳು. ಬ್ರಿಟನ್ನಿನಲ್ಲಿ ಕಾರ್ಖಾನೆ ತನಿಖಾಧಿಕಾರಿಗಳನ್ನು ನೇಮಿಸಿದ್ದು 1833ರ ಕಾಯ್ದೆಯಿಂದ, ಅವರೆಲ್ಲ ಗಂಡಸರೇ. ಗಂಡು ಹೆಣ್ಣು ಇಬ್ಬರೂ ದುಡಿಯುವ ಕಡೆ ಪ್ರತ್ಯೇಕ ಶೌಚಾಲಯ ಇರಬೇಕೆಂದು 1875ರ ಸಾರ್ವಜನಿಕ ಆರೋಗ್ಯ ಕಾಯ್ದೆ ಹೇಳಿತ್ತು. ಆದರೆ ಇರುವ ಶೌಚಾಲಯಕ್ಕೆ ಬಾಗಿಲಿಲ್ಲ, ಚಿಲಕವಿಲ್ಲ, ಅದು ಮೇಸ್ತ್ರಿ ಕೂರುವ ಜಾಗಕ್ಕೆ ಎದುರಿಗಿದೆ ಎಂಬುದನ್ನೆಲ್ಲ ಹದಿನಾರರ ಹುಡುಗಿ ಟೋಪಿ ಹಾಕಿದ ದೊಡ್ಡ ಮನುಷ್ಯನೊಬ್ಬನಿಗೆ ಹೇಳುವುದು ಹೇಗೆ? 1893ರಲ್ಲಿ ಮೇ ಅಬ್ರಹಾಂ ಮತ್ತು ಮೇರಿ ಪ್ಯಾಟರ್ಸನ್ ಮೊದಲ ಮಹಿಳಾ ತನಿಖಾಧಿಕಾರಿಗಳಾಗಿ ನೇಮಕಗೊಂಡರು. ಮರುವರ್ಷ ಸೇರಿದ ಅಡಿಲೇಡ್ ಆಂಡರ್ಸನ್ ಮುಂದೆ ಮಹಿಳಾ ವಿಭಾಗದ ಮುಖ್ಯಸ್ಥೆಯಾದರು. ಅವರ ಮುಂದೆ ಹೆಣ್ಣಾಳುಗಳು ಬಾಯಿಬಿಟ್ಟರು. ಶೌಚಾಲಯದ ದೂರುಗಳು ಸರ್ಕಾರಿ ಕಡತಗಳಿಗೆ ಏರಿದವು. ಕಾಯ್ದೆ ಮೊದಲೂ ಇತ್ತು. ಕೇಳಿಸಿಕೊಳ್ಳುವ ಕಿವಿ ಹೆಣ್ಣಿನದಾದ ಮೇಲೆ ಅದಕ್ಕೆ ಜೀವ ಬಂತು.

ಇಷ್ಟಾದ ಮೇಲೆ ಕಥೆ ಉತ್ತರ ಲಂಡನ್ನಿನ ಕ್ಯಾಮ್ಡನ್‌ಗೆ ಬರುತ್ತದೆ.

ಆಗಿನ ಲಂಡನ್ನಿನಲ್ಲಿ ಒಂದೊಂದು ಪ್ರದೇಶವನ್ನೂ ವೆಸ್ಟ್ರಿ ಎಂಬ ಚುನಾಯಿತ ಸಭೆ ನೋಡಿಕೊಳ್ಳುತ್ತಿತ್ತು. ರಸ್ತೆ, ಕಸ, ದೀಪ, ಶೌಚಾಲಯ ಎಲ್ಲವೂ ಅದರದೇ ಜವಾಬ್ದಾರಿ. 1897ರಲ್ಲಿ ಸೇಂಟ್ ಪ್ಯಾಂಕ್ರಸ್ ವೆಸ್ಟ್ರಿಗೆ ಹೊಸ ಸದಸ್ಯರೊಬ್ಬರು ಬಂದರು. ಗಡ್ಡ ಬಿಟ್ಟ, ಸಸ್ಯಾಹಾರಿ, ಸಮಾಜವಾದಿ ನಾಟಕಕಾರ ಜಾರ್ಜ್ ಬರ್ನಾರ್ಡ್ ಶಾ. ಚರಂಡಿ, ಸಿಡುಬು, ಕೊಳೆಗೇರಿಗಳ ಚರ್ಚೆಯಲ್ಲಿ ಗಂಟೆಗಟ್ಟಲೆ ಕೂತು ಅವರು ಕೆಲಸ ಮಾಡಿದರು. 1894ರ ಸ್ಥಳೀಯ ಆಡಳಿತ ಕಾಯ್ದೆಯ ದೆಸೆಯಿಂದ ವೆಸ್ಟ್ರಿಗಳಿಗೆ ಹೆಂಗಸರೂ ಆಯ್ಕೆಯಾಗಬಹುದಿತ್ತು. ಗಂಡಸರು ಮುಜುಗರದಿಂದ ಪಕ್ಕಕ್ಕೆ ಸರಿಸುತ್ತಿದ್ದ ವಿಷಯಗಳನ್ನು ಅವರು ಹೇಗೆ ನೇರವಾಗಿ ಮೇಜಿನ ಮೇಲಿಡುತ್ತಾರೆ ಎಂಬುದನ್ನು ಶಾ ಅಲ್ಲಿ ಕಣ್ಣಾರೆ ಕಂಡರು. ಹೊರಗಿನಿಂದಲೂ ಒತ್ತಡವಿತ್ತು. ಲಿಬರಲ್ ಮತ್ತು ರ‍್ಯಾಡಿಕಲ್ ಮಹಿಳಾ ಸಂಘಗಳ ಒಕ್ಕೂಟ ಹೆಂಗಸರಿಗೆ ಸಾರ್ವಜನಿಕ ಶೌಚಾಲಯ ಕಟ್ಟಿಸಬೇಕೆಂದು ಲಂಡನ್ನಿನ ವೆಸ್ಟ್ರಿಗಳ ಬೆನ್ನು ಹತ್ತಿತ್ತು.

1900ರಲ್ಲಿ ಪಾರ್ಕ್ ಸ್ಟ್ರೀಟ್ ಮತ್ತು ಕ್ಯಾಮ್ಡನ್ ಹೈ ಸ್ಟ್ರೀಟ್ ಕೂಡುವ ಕಡೆ ಹೆಂಗಸರ ಶೌಚಾಲಯ ಕಟ್ಟುವ ಪ್ರಸ್ತಾಪ ಬಂತು. ಸುತ್ತಲಿನ ನಿವಾಸಿಗಳೂ ವ್ಯಾಪಾರಿಗಳೂ ಎದ್ದುನಿಂತರು. ಆಸ್ತಿಯ ಬೆಲೆ ಬೀಳುತ್ತದೆ ಎಂದರು, ನೋಡಲು ಅಸಹ್ಯ ಎಂದರು, ವಾಹನ ಸಂಚಾರಕ್ಕೆ ಅಡ್ಡಿ ಎಂದರು. ಈ ಕೊನೆಯ ಮಾತನ್ನು ಪರೀಕ್ಷಿಸಲು ವೆಸ್ಟ್ರಿಯವರು ಅದೇ ಜಾಗದಲ್ಲಿ ಅದೇ ಅಳತೆಯ ಒಂದು ಮರದ ಮಾದರಿಯನ್ನು ನಿಲ್ಲಿಸಿದರು.

ಮುಂದೆ ನಡೆದದ್ದನ್ನು ಶಾ ಬರೆದಿಟ್ಟಿದ್ದಾರೆ. ಆ ದಾರಿಯಲ್ಲಿ ಬರುವ ಬಸ್ಸು, ಅಂಗಡಿಯವರ ಗಾಡಿ, ಬಾಡಿಗೆಯ ಕುದುರೆಗಾಡಿ ಎಲ್ಲವೂ ಆ ಮರದ ಗೂಡಿಗೆ ಢಿಕ್ಕಿ ಹೊಡೆಯತೊಡಗಿದವು. ಗಾಡಿಯವರು ಬೇಕೆಂದೇ ದಾರಿ ಬಳಸಿಕೊಂಡು ಬಂದು ಗುದ್ದಿ ಹೋಗುತ್ತಿದ್ದರು. ಹೆಣ್ಣಿನ ಶೌಚಾಲಯದ ಬರೀ ಒಂದು ಹಲಗೆಯ ಮಾದರಿ, ಒಳಗೆ ನೀರಿಲ್ಲ, ಕೊಳಾಯಿಯಿಲ್ಲ, ಯಾರೂ ಬಳಸುವಂತೆಯೂ ಇಲ್ಲ. ಅದರ ಮೇಲೆ ಅಷ್ಟು ಸಿಟ್ಟು. ಹೀಗೆ ಸೃಷ್ಟಿಸಿದ ಅಪಘಾತಗಳನ್ನೇ ಹಿಡಿದು, ನೋಡಿ, ಸಂಚಾರಕ್ಕೆ ಅಡ್ಡಿಯಾಗಲಿಲ್ಲವೇ ಎಂದು ವಿರೋಧಿಗಳು ಕೇಳಿದರು. ಯೋಜನೆ ಪಕ್ಕಕ್ಕೆ ಸರಿಯಿತು.

ಸಭೆಯೊಳಗಿನ ಮಾತುಗಳು ಬೀದಿಯ ಗುದ್ದುಗಳಿಗಿಂತ ಹಿತವಾಗಿರಲಿಲ್ಲ. ಇಂಥ ಜಾಗಕ್ಕೆ ಹೋಗುವವಳು ತಾನು ಹೆಣ್ಣೆಂಬುದನ್ನೇ ಮರೆತವಳು ಎಂಬ ವಾದ ಬಂತು. ಹೂ ಮಾರುವ ಹುಡುಗಿಯರು ಅಲ್ಲಿನ ನೀರಿನಲ್ಲಿ ಹೂ ತೊಳೆದುಕೊಂಡಾರು ಎಂಬ ಆಕ್ಷೇಪವೂ ಬಂತು. ಆ ಹೂವಿನ ಹುಡುಗಿಯರು ಬೆಳಗಿನಿಂದ ರಾತ್ರಿಯವರೆಗೆ ಬೀದಿ ಬದಿಯಲ್ಲಿ ಕೂತು ವ್ಯಾಪಾರ ಮಾಡುತ್ತಿದ್ದವರು. ಲಂಡನ್ನಿನಲ್ಲಿ ಶೌಚಾಲಯ ಯಾರಿಗೆ ಎಲ್ಲರಿಗಿಂತ ಹೆಚ್ಚಾಗಿ ಬೇಕಿತ್ತೋ ಅವರನ್ನೇ ತೋರಿಸಿ ಬೇಡವೆಂದರು. ಮುಂದೆ ಶಾ ಬರೆದ ‘ಪಿಗ್ಮೇಲಿಯನ್’ ನಾಟಕದ ನಾಯಕಿಯೂ ಒಬ್ಬ ಹೂವಿನ ಹುಡುಗಿ ಎಂಬುದು ಓದುಗರಿಗೆ ನೆನಪಾಗಬಹುದು.

ಗಾಯದ ಮೇಲೆ ಬರೆ ಎಳೆದದ್ದು ಪಾರ್ಲಿಮೆಂಟ್. 1899ರ ಲಂಡನ್ ಆಡಳಿತ ಕಾಯ್ದೆಯಂತೆ 1900ರ ನವೆಂಬರ್‌ನಲ್ಲಿ ವೆಸ್ಟ್ರಿಗಳು ಹೋಗಿ 28 ಬರೋ ಕೌನ್ಸಿಲ್‌ಗಳು ಬಂದವು. ಹೊಸ ಕೌನ್ಸಿಲ್‌ಗಳಿಗೆ ಹೆಂಗಸರು ಆಯ್ಕೆಯಾಗುವಂತಿಲ್ಲ ಎಂದು ಆ ಕಾಯ್ದೆ ಬಾಗಿಲು ಹಾಕಿತು. ಐದಾರು ವರ್ಷ ಸಭೆಯಲ್ಲಿ ಕೂತು ಕೆಲಸ ಕಲಿತಿದ್ದ ಹೆಂಗಸರು ಒಂದೇ ಏಟಿಗೆ ಹೊರಬಿದ್ದರು. ಮರದ ಗೂಡಿಗೆ ಗಾಡಿ ಗುದ್ದಿದ ವರ್ಷವೇ ಇದೂ ನಡೆಯಿತು. ಇವೆರಡನ್ನೂ ಒಟ್ಟಿಗೆ ಇಟ್ಟು ನೋಡದಿದ್ದರೆ ಈ ಚರಿತ್ರೆ ಅರ್ಥವಾಗುವುದಿಲ್ಲ.

ಕ್ಯಾಮ್ಡನ್ನಿನ ಶೌಚಾಲಯಕ್ಕೆ ಕೊನೆಗೆ ಒಪ್ಪಿಗೆ ಸಿಕ್ಕಿದ್ದು 1905ರಲ್ಲಿ. ಅಷ್ಟರಲ್ಲಿ ಶಾ ಕೌನ್ಸಿಲ್ ಬಿಟ್ಟು ಎರಡು ವರ್ಷವಾಗಿತ್ತು. ಆದರೆ ಅವರು ಅದನ್ನು ಮರೆಯಲಿಲ್ಲ. 1909ರಲ್ಲಿ, ಮತದಾನದ ಹಕ್ಕಿಗಾಗಿ ಹೆಂಗಸರು ಜೈಲು ಸೇರುತ್ತಿದ್ದ ಹೊತ್ತಿನಲ್ಲಿ, ‘ದಿ ಇಂಗ್ಲಿಷ್‌ವುಮನ್’ ಪತ್ರಿಕೆಯಲ್ಲಿ ಒಂದು ಲೇಖನ ಬರೆದರು. ಹೆಂಗಸರಿಗೆ ಅಧಿಕಾರ ಏಕೆ ಬೇಕು ಎಂಬುದಕ್ಕೆ ಅವರು ಸ್ವಾತಂತ್ರ್ಯ, ಸಮಾನತೆಯ ದೊಡ್ಡ ತತ್ವಗಳತ್ತ ಹೋಗಲಿಲ್ಲ. ಬೀದಿಯ ಶೌಚಾಲಯವನ್ನೇ ಮುಂದಿಟ್ಟರು. ಗಂಡಸರಷ್ಟೇ ಕೂತ ಸಭೆಯಲ್ಲಿ ಈ ಮಾತನ್ನು ಯಾರೂ ಎತ್ತುವುದಿಲ್ಲ, ಎತ್ತಿದರೆ ನಗೆಯಲ್ಲೋ ನಾಚಿಕೆಯಲ್ಲೋ ಮುಳುಗಿಹೋಗುತ್ತದೆ, ಬಡ ಹೆಣ್ಣಿಗೆ ಒಂದು ಪೆನ್ನಿ ಎಂದರೆ ಬಾಗಿಲು ಮುಚ್ಚಿದಂತೆಯೇ ಎಂಬುದು ಅವರ ವಾದದ ತಿರುಳು. ಅದಕ್ಕೆ ಎರಡು ವರ್ಷ ಮೊದಲು, 1907ರಲ್ಲಿ, ಕಾಯ್ದೆ ಬದಲಾಗಿ ಹೆಂಗಸರು ಮತ್ತೆ ಕೌನ್ಸಿಲ್‌ಗಳಿಗೆ ಆಯ್ಕೆಯಾಗುವ ಹಕ್ಕು ಪಡೆದಿದ್ದರು. ಪಾರ್ಲಿಮೆಂಟಿನ ಮತದಾನದ ಹಕ್ಕು 30 ದಾಟಿದ, ಆಸ್ತಿಯ ಅರ್ಹತೆಯುಳ್ಳ ಹೆಂಗಸರಿಗೆ 1918ರಲ್ಲಿ ಸಿಕ್ಕಿತು. ಗಂಡಸರಿಗೆ ಸಮನಾಗಿ ಎಲ್ಲರಿಗೂ ಸಿಕ್ಕಿದ್ದು 1928ರಲ್ಲಿ.

ಪೆನ್ನಿಯ ಆಯಸ್ಸು ಮಾತ್ರ ಇನ್ನೂ ದೀರ್ಘ. 1936ರ ಸಾರ್ವಜನಿಕ ಆರೋಗ್ಯ ಕಾಯ್ದೆಯ 87ನೇ ಸೆಕ್ಷನ್ನಿನಲ್ಲಿ, ಸ್ಥಳೀಯ ಆಡಳಿತಗಳು ಶೌಚಾಲಯಕ್ಕೆ ಶುಲ್ಕ ಪಡೆಯಬಹುದು, ಮೂತ್ರಾಲಯಕ್ಕೆ ಪಡೆಯಬಾರದು ಎಂದು ಬರೆದರು. ಗಂಡಸರ ಬಿಟ್ಟಿ ಸೌಲಭ್ಯಕ್ಕೆ ಕಾನೂನಿನ ಮುದ್ರೆ ಬಿತ್ತು. ಬಾಗಿಲಲ್ಲಿ ಕಾಸು ಹಾಕಿದರೆ ತಿರುಗುವ ಕಬ್ಬಿಣದ ಅಡ್ಡಗಂಬಗಳಲ್ಲಿ ಬಸುರಿಯರೂ ಮಕ್ಕಳನ್ನೆತ್ತಿಕೊಂಡ ತಾಯಂದಿರೂ ಸಿಕ್ಕಿಕೊಳ್ಳುತ್ತಿದ್ದರು. ಸಂಸದೆ ಬಾರ್ಬರಾ ಕ್ಯಾಸಲ್ ಅವುಗಳ ವಿರುದ್ಧ ದನಿಯೆತ್ತಿದ ಮೇಲೆ, 1963ರ ಕಾಯ್ದೆ ಸಾರ್ವಜನಿಕ ಶೌಚಾಲಯಗಳಿಂದ ಅವನ್ನು ಕಿತ್ತುಹಾಕಿತು. ಮೂತ್ರಾಲಯದ ವಿನಾಯಿತಿ ಕಾನೂನಿನಿಂದ ಅಳಿದದ್ದು 2008ರಲ್ಲಿ. ಇಂಗ್ಲೆಂಡ್ ಒಂದೇ ಹೀಗೆ ಎಂದುಕೊಳ್ಳಬೇಕಾಗಿಲ್ಲ. ಅಮೆರಿಕದ ಪ್ರತಿನಿಧಿ ಸಭೆಗೆ ಮೊದಲ ಮಹಿಳೆ ಕಾಲಿಟ್ಟದ್ದು 1917ರಲ್ಲಿ. ಸಭಾಂಗಣದ ಪಕ್ಕದಲ್ಲೇ ಮಹಿಳಾ ಸದಸ್ಯರಿಗೆ ಶೌಚಾಲಯ ಬಂದದ್ದು 2011ರಲ್ಲಿ.

ಅದೇ 2011ರಲ್ಲಿ ಮುಂಬಯಿಯಲ್ಲಿ ಒಂದು ಚಳವಳಿ ಹುಟ್ಟಿತು. ಲೋಕಲ್ ರೈಲು ಹಿಡಿದು ದಿನವಿಡೀ ಓಡಾಡುವ ಹೆಂಗಸರು, ಮನೆಗೆಲಸದವರು, ಮೀನು ಮಾರುವವರು ಪಾವತಿಸುತ್ತಿದ್ದ ‘ಪೆನ್ನಿ’ಯ ಲೆಕ್ಕವನ್ನು ಅದು ಮುಂದಿಟ್ಟಿತು. ನಗರಪಾಲಿಕೆಯ ಶೌಚಾಲಯಗಳಲ್ಲಿ ಮೂತ್ರವಿಸರ್ಜನೆ ಎಲ್ಲರಿಗೂ ಉಚಿತವಾಗಿರಬೇಕಿತ್ತು. ಬಾಗಿಲಲ್ಲಿ ಕೂತ ಗುತ್ತಿಗೆದಾರರ ಆಳುಗಳು ಗಂಡಸರನ್ನು ಬಿಟ್ಟು ಹೆಂಗಸರಿಂದ ಮಾತ್ರ ಹಣ ಪಡೆಯುತ್ತಿದ್ದರು. ಒಳಹೋದ ಹೆಂಗಸು ಯಾವುದಕ್ಕೆ ಹೋದಳೆಂದು ತಿಳಿಯುವುದು ಹೇಗೆ ಎಂಬುದು ಅವರ ಸಮರ್ಥನೆ. ಕೋರೋ ಎಂಬ ಸಂಸ್ಥೆಯೂ ಹಲವು ಸಂಘಟನೆಗಳೂ ಸೇರಿ ‘ರೈಟ್ ಟು ಪೀ’ ಎಂಬ ಹೆಸರಿನಲ್ಲಿ ಸಾವಿರಾರು ಸಹಿ ಸಂಗ್ರಹಿಸಿ ಪಾಲಿಕೆಯ ಮುಂದಿಟ್ಟವು. ಹೆಸರು ಕೇಳಿಯೇ ಕೆಲವು ಅಧಿಕಾರಿಗಳು ಮುಜುಗರಪಟ್ಟರು. ಮುಜುಗರವಾಗಲೆಂದೇ ಆ ಹೆಸರಿಟ್ಟದ್ದು. ಕ್ಯಾಮ್ಡನ್ನಿನಿಂದ ಮುಂಬಯಿಯವರೆಗೆ ಈ ವಿಷಯವನ್ನು ನುಂಗಿಹಾಕಿದ್ದು ಮೌನವೇ ತಾನೆ.

ಪುಣೆಯಲ್ಲಿ ವಿದ್ಯಾ ಬಾಳ ಅವರು ಸ್ಥಾಪಿಸಿದ್ದ ‘ಮಿಳೂನ್ ಸಾರ್ಯಾಜಣಿ’ ಎಂಬ ಮರಾಠಿ ಮಹಿಳಾ ಮಾಸಿಕ ಇದೇ ಪ್ರಶ್ನೆಯನ್ನು ಬಾಂಬೆ ಹೈಕೋರ್ಟಿಗೆ ಒಯ್ದಿತು. 2015ರ ಡಿಸೆಂಬರ್‌ನಲ್ಲಿ ತೀರ್ಪು ಬಂತು. ಹೆಂಗಸರಿಗೆ ಶುಚಿಯಾದ, ಸುರಕ್ಷಿತವಾದ ಶೌಚಾಲಯ ಒದಗಿಸುವುದು ನಗರಪಾಲಿಕೆಗಳ ಕರ್ತವ್ಯ, ಅದು ಸಂವಿಧಾನದ 21ನೇ ವಿಧಿ ಕೊಡುವ ಘನತೆಯ ಬದುಕಿನ ಭಾಗ ಎಂದು ನ್ಯಾಯಮೂರ್ತಿ ಅಭಯ್ ಓಕಾ ಅವರಿದ್ದ ಪೀಠ ಹೇಳಿತು. ಓಕಾ ಮುಂದೆ 2019ರಲ್ಲಿ ಕರ್ನಾಟಕ ಹೈಕೋರ್ಟಿನ ಮುಖ್ಯ ನ್ಯಾಯಮೂರ್ತಿಯಾಗಿ ಬಂದವರು. 2025ರ ಜನವರಿ 15ರಂದು ಸುಪ್ರೀಂ ಕೋರ್ಟ್ ದೇಶದ ಎಲ್ಲ ನ್ಯಾಯಾಲಯಗಳ ಆವರಣದಲ್ಲಿ ಶೌಚಾಲಯ ಇರಲೇಬೇಕೆಂದು ಆದೇಶಿಸಿತು. ನ್ಯಾಯ ಕೊಡುವ ಕಟ್ಟಡಗಳಿಗೇ ಇಂಥ ಆದೇಶ ಬೇಕಾಯಿತು.

ಕರ್ನಾಟಕದ ಹಳ್ಳಿಯ ಹೆಂಗಸರಿಗೆ ಈ ಲಂಡನ್ ಕಥೆಯಲ್ಲಿ ಹೊಸದೇನೂ ಕಾಣದು. 2011ರ ಜನಗಣತಿಯ ಪ್ರಕಾರ ರಾಜ್ಯದ ಮನೆಗಳಲ್ಲಿ ಶೇ 51ರಷ್ಟಕ್ಕೆ ಮಾತ್ರ ಸ್ವಂತ ಆವರಣದಲ್ಲಿ ಶೌಚಾಲಯವಿತ್ತು. ಉಳಿದವರಲ್ಲಿ ಹೆಚ್ಚಿನವರು ಚೊಂಬು ಹಿಡಿದು ಕತ್ತಲಾಗುವುದನ್ನೇ ಕಾಯುತ್ತಿದ್ದರು. ರಸ್ತೆ ಬದಿಯಲ್ಲಿ ಕೂತಾಗ ಲಾರಿಯ ಬೆಳಕು ಬಿದ್ದರೆ ದಡಬಡಿಸಿ ಎದ್ದು ನಿಲ್ಲುತ್ತಿದ್ದರು. ಅಂದಿನಿಂದ ಮನೆಗಳಲ್ಲಿ ಲಕ್ಷಾಂತರ ಶೌಚಾಲಯಗಳು ಎದ್ದಿವೆ, ಇದು ಸಣ್ಣ ಸಾಧನೆಯಲ್ಲ. ಮನೆ ಬಿಟ್ಟು ಹೊರಗೆ ಬಂದವಳ ಪ್ರಶ್ನೆ ಉಳಿದಿದೆ. ಸಂತೆಯಲ್ಲಿ ತರಕಾರಿ ಮಾರುವವಳು, ಪೌರಕಾರ್ಮಿಕಳು, ಟ್ರಾಫಿಕ್ ಕರ್ತವ್ಯದ ಮಹಿಳಾ ಪೊಲೀಸ್, ಬಸ್ ಕಂಡಕ್ಟರ್, ಹೊಲದ ಕೂಲಿಯವಳು ಇವತ್ತೂ ನೀರು ಕುಡಿಯದೆ ಹೊತ್ತು ತಳ್ಳುತ್ತಾರೆ.

ನಿಮ್ಮ ಊರಿನ ಬಸ್ ನಿಲ್ದಾಣಕ್ಕೆ, ಸಂತೆ ಮೈದಾನಕ್ಕೆ ಒಮ್ಮೆ ಹೋಗಿ ನೋಡಿ. ಹೆಂಗಸರ ಶೌಚಾಲಯ ತೆರೆದಿದೆಯೇ, ನೀರಿದೆಯೇ, ಚಿಲಕವಿದೆಯೇ, ದೀಪವಿದೆಯೇ? ಬೀಗದ ಕೈ ಯಾರ ಬಳಿಯಿದೆ? ಗಂಡಸರಿಗೆ ಬಿಟ್ಟಿಯಾದದ್ದಕ್ಕೆ ಹೆಂಗಸರಿಂದ ಕಾಸು ಕೇಳುತ್ತಿದ್ದಾರೆಯೇ? ಉತ್ತರಗಳನ್ನು ಬರೆದುಕೊಂಡು ಮುಂದಿನ ಗ್ರಾಮಸಭೆಯಲ್ಲಿ, ನಗರಸಭೆಯಲ್ಲಿ ಗಟ್ಟಿಯಾಗಿ ಓದಿ. ಅಲ್ಲಿ ಆಯ್ಕೆಯಾಗಿ ಕೂತ ಹೆಂಗಸರಿದ್ದಾರೆ. 1900ರಲ್ಲಿ ಲಂಡನ್ನಿನ ಹೆಂಗಸರಿಂದ ಕಾಯ್ದೆ ಕಿತ್ತುಕೊಂಡ ಜಾಗ ಅದು. ಅವರ ಮುಂದೆಯೇ ಈ ಪ್ರಶ್ನೆ ಕೇಳಿ, ಉತ್ತರ ಲಿಖಿತದಲ್ಲಿ ಬರುವ ತನಕ ಬಿಡಬೇಡಿ.